ಬಿಸಿಲಿನ ಮೇಲೆ ಬಾಜಿ ಬೇಡ

ಸಂಪಾದಕರೇ,

ಅಮೆರಿಕದ ಕಾಲ್ಶಿ ಎಂಬ ಆನ್‌ಲೈನ್ ಬಾಜಿ ಮಾರುಕಟ್ಟೆಯಲ್ಲಿ ನ್ಯೂಯಾರ್ಕಿನ ಇವತ್ತಿನ ಗರಿಷ್ಠ ಉಷ್ಣಾಂಶ ಎಷ್ಟಾಗುತ್ತದೆ ಅಂತ ಹಣ ಕಟ್ಟುತ್ತಾರೆ. ಇಡೀ ಊರಿಗೆ ಸೆಂಟ್ರಲ್ ಪಾರ್ಕಿನ ಅಳತೆಯೇ ಲೆಕ್ಕ. ಅಲ್ಲಿನ ಹವಾಮಾನ ಸೇವೆಯ ದಿನದ ವರದಿಯಲ್ಲಿ ಒಂದು ಡಿಗ್ರಿ ಆಚೀಚೆ ಆದರೂ ಕಟ್ಟಿದ ದುಡ್ಡು ಹೋಗಬಹುದು. ನಮ್ಮಲ್ಲಿ 2025ರ ಆನ್‌ಲೈನ್ ಗೇಮಿಂಗ್ ಕಾಯ್ದೆ ಹಣ ಕಟ್ಟುವ ಆಟಗಳನ್ನು ನಿಷೇಧಿಸಿದೆ, ಒಳ್ಳೆಯದೇ ಆಯಿತು. ಆದರೂ ದಾವಣಗೆರೆಯ ಕೆಲವು ಕಾಲೇಜು ಹುಡುಗರು ಇಂಥ ಬಾಜಿಯನ್ನೇ ಜಾಣತನ ಅಂತ ಹೊಗಳುವುದು ಕೇಳಿದರೆ ಸಿಟ್ಟು ಬರುತ್ತದೆ. ಮುನ್ಸೂಚನೆ ಓದುವುದು ಕಲಿಯಲಿ, ಅದು ಬೇರೆ ಮಾತು. ಏಪ್ರಿಲ್ ಬಿಸಿಲಲ್ಲಿ ಎಪಿಎಂಸಿಯಲ್ಲಿ ಮೆಕ್ಕೆಜೋಳದ ಚೀಲ ಹೊರುವ ಹಮಾಲರಿಗೆ ಮುನ್ಸೂಚನೆಯ ಉಷ್ಣಾಂಶದ ಅಂಕಿ ನಿಜವಾಗಿ ಬೇಕು, ಯಾವ ಹೊತ್ತಿಗೆ ಕೆಲಸ ನಿಲ್ಲಿಸಬೇಕು ಅಂತ ತಿಳಿಯಲು. ದಿನಾ ಬೆಳಿಗ್ಗೆ ಅದನ್ನು ಗೇಟಿನ ಬೋರ್ಡಿನಲ್ಲಿ ಬರೆಸಿ.

– ಒಬ್ಬ ಓದುಗ, ದಾವಣಗೆರೆ