ಕೌನ್ಸಿಲ್ ಮನೆಗಳನ್ನು ಹಳಿಯುವ ಮುನ್ನ

ಮಾನ್ಯರೇ,

ಲಂಡನ್‌ಗೆ ಹೊಸದಾಗಿ ಬರುವ ನಮ್ಮವರಿಗೆ ಇಲ್ಲಿ ಮೊದಲೇ ನೆಲೆಸಿದವರು ಒಂದು ಬುದ್ಧಿಮಾತು ಹೇಳುತ್ತಾರೆ: "ಎಲ್ಲಾದರೂ ಮನೆ ಹಿಡೀರಿ, ಕೌನ್ಸಿಲ್ ಏರಿಯಾ ಮಾತ್ರ ಬೇಡ." ಕೌನ್ಸಿಲ್ ಅಂದರೆ ಇಲ್ಲಿನ ಸ್ಥಳೀಯ ಆಡಳಿತ, ನಮ್ಮ ನಗರಸಭೆಯ ಹಾಗೆ; ಅದು ಕಟ್ಟಿ ಬಾಡಿಗೆಗೆ ಕೊಟ್ಟ ಮನೆಗಳಿರುವುದೇ ಕೌನ್ಸಿಲ್ ಏರಿಯಾ. ನಾನಿರುವುದು ಅಂಥದೇ ಏರಿಯಾ, ಪೂರ್ವ ಲಂಡನ್ನಿನ ಡ್ಯಾಗನಮ್‌ನ ಬೆಕನ್‌ಟ್ರೀ. ಈ ಮಾತು ಕೇಳಿದಾಗಲೆಲ್ಲ ಬೇಜಾರಾಗುತ್ತದೆ. ಅದಕ್ಕೇ ಈ ಪತ್ರ.

ಮೊದಲ ಮಹಾಯುದ್ಧ ಮುಗಿದ ಮೇಲೆ, 1919ರಲ್ಲಿ, ಇಲ್ಲಿ ವಸತಿ ಕಾಯ್ದೆ ಬಂತು. ಸರ್ಕಾರದ ನೆರವಿನಿಂದ ಕೌನ್ಸಿಲ್‌ಗಳೇ ಮನೆ ಕಟ್ಟಿ ದುಡಿಯುವ ಜನರಿಗೆ ಬಾಡಿಗೆಗೆ ಕೊಡಲು ಶುರು ಮಾಡಿದವು. ಲಂಡನ್ ಕೌಂಟಿ ಕೌನ್ಸಿಲ್ ಡ್ಯಾಗನಮ್ ಸುತ್ತಲಿನ ಹೊಲ, ತರಕಾರಿ ತೋಟಗಳನ್ನು ಕೊಂಡು, 1921ರಿಂದ 1935ರ ಹೊತ್ತಿಗೆ ಸುಮಾರು 26,000 ಮನೆ ಎಬ್ಬಿಸಿತು. ಅದೇ ಬೆಕನ್‌ಟ್ರೀ. ಲಕ್ಷಕ್ಕೂ ಜಾಸ್ತಿ ಜನ ಬಂದರು. ಲಂಡನ್ನಿನ ಬಡವರ ಕೇರಿಯಾಗಿದ್ದ ಈಸ್ಟ್ ಎಂಡ್‌ನ ಗಲ್ಲಿಗಳಲ್ಲಿ ಒಂದೆರಡು ಕೋಣೆಯಲ್ಲಿ ಸಂಸಾರ ಮಾಡಿದವರಿಗೆ ಇಲ್ಲಿ ಮನೆಯೊಳಗೇ ಕಕ್ಕಸು, ಬಚ್ಚಲು, ಹಿಂದೆ ಮುಂದೆ ಕೈತೋಟ.

ಎಲ್ಲವೂ ಚೆನ್ನಾಗಿತ್ತು ಅಂತಲ್ಲ. ಬಾಡಿಗೆ ಕಡುಬಡವರಿಗೆ ಎಟುಕುತ್ತಿರಲಿಲ್ಲ. ವಾರಕ್ಕೊಮ್ಮೆ ಕಿಟಕಿ ಒರೆಸಬೇಕು, ಬೇಲಿ ಗಿಡ ಕತ್ತರಿಸಬೇಕು ಎಂದು ಬಾಡಿಗೆದಾರರ ಕೈಪಿಡಿಯಲ್ಲೇ ನಿಯಮವಿತ್ತು. ಮೊದಮೊದಲು ಹತ್ತಿರದಲ್ಲಿ ಕೆಲಸವೂ ಇರಲಿಲ್ಲ. 1931ರಲ್ಲಿ ಫೋರ್ಡ್ ಕಾರ್ಖಾನೆ ಶುರುವಾದ ಮೇಲೆ ಊರಿಗೆ ಜೀವ ಬಂತು. 1968ರಲ್ಲಿ ಕಾರಿನ ಸೀಟಿನ ಹೊದಿಕೆ ಹೊಲಿಯುತ್ತಿದ್ದ ಹೆಣ್ಣುಮಕ್ಕಳು ಇದೇ ಕಾರ್ಖಾನೆಯಲ್ಲಿ ಮುಷ್ಕರ ಹೂಡಿದರು. 1970ರ ಸಮಾನ ವೇತನ ಕಾಯ್ದೆಗೆ ದಾರಿ ಮಾಡಿದ್ದು ಅವರೇ.

ಏಟು ಬಿದ್ದದ್ದು 1980ರಲ್ಲಿ. ಪ್ರಧಾನಿ ಮಾರ್ಗರೆಟ್ ಥ್ಯಾಚರ್ ಸರ್ಕಾರ ಕೌನ್ಸಿಲ್ ಮನೆಗಳನ್ನು ಬಾಡಿಗೆದಾರರಿಗೇ ಮಾರುವ ಕಾನೂನು ತಂದಿತು. ಮೂರು ವರ್ಷ ಇದ್ದವರಿಗೆ ಶೇ 33 ರಿಯಾಯಿತಿ, ಇಪ್ಪತ್ತು ವರ್ಷ ಇದ್ದವರಿಗೆ ಶೇ 50. ಕೊಂಡವರನ್ನು ನಾನು ದೂರುವುದಿಲ್ಲ. ಜೀವಮಾನವೆಲ್ಲ ಬಾಡಿಗೆ ಕಟ್ಟಿದವರಿಗೆ ಸ್ವಂತ ಮನೆಯಾಗುತ್ತದೆ ಎಂದರೆ ಯಾರು ಬಿಡುತ್ತಾರೆ? ತಪ್ಪು ಇರುವುದು ಮುಂದಿನದರಲ್ಲಿ. ಬಂದ ಹಣದ ಬಹುಪಾಲನ್ನು ಹೊಸ ಮನೆ ಕಟ್ಟಲು ಕೌನ್ಸಿಲ್‌ಗಳಿಗೆ ಬಿಡಲಿಲ್ಲ. ಮಾರಿದ್ದಷ್ಟೂ ಖಾಲಿಯಾಯಿತು.

ನಮ್ಮ ಬೀದಿಯಲ್ಲಿ ನಡೆದರೆ ಯಾವ ಮನೆ ಮಾರಿದ್ದು ಎಂದು ಹೇಳಬಹುದು. ಒಂದರ ಗೋಡೆಗೆ ಕಲ್ಲಿನ ಹೊದಿಕೆ, ಬೇಲಿ ಕಿತ್ತು ಕಾರು ನಿಲ್ಲಿಸಲು ಸಿಮೆಂಟು. ಪಕ್ಕದ್ದು ಇನ್ನೂ ಹಳೆಯ ಗಾರೆಯಲ್ಲೇ ಇದೆ. ಮಾರಿದ ಮನೆಗಳಲ್ಲಿ ಎಷ್ಟೋ ಕೈ ಬದಲಾಗಿ ಖಾಸಗಿ ಮಾಲೀಕರ ಪಾಲಾಗಿವೆ. ಅಲ್ಲಿ ಮುಂದಿನ ಹಾಲ್ ಕೂಡ ಬೆಡ್‌ರೂಮು. ಕೋಣೆಗೊಂದು ಸಂಸಾರ. ಹೊರಗೆ ಮುಚ್ಚಳ ಮುಚ್ಚಲಾಗದ ಕಸದ ಡಬ್ಬಿಗಳು. ಬಾಡಿಗೆಯೋ, ಕೌನ್ಸಿಲ್ ತೆಗೆದುಕೊಳ್ಳುವುದರ ಎರಡು ಪಟ್ಟಿಗೂ ಜಾಸ್ತಿ. ನಮ್ಮವರೂ ಎಷ್ಟೋ ಜನ ಇಂಥ ಮನೆಗಳಲ್ಲೇ ಇದ್ದಾರೆ. ಒಂದು ಕಾಲಕ್ಕೆ ಅದು ಕೌನ್ಸಿಲ್ ಮನೆ ಎಂಬುದೇ ಗೊತ್ತಿರುವುದಿಲ್ಲ.

ಇನ್ನೊಂದು ಕಡೆ, ಹಳೆಯ ಬಾಡಿಗೆದಾರರ ಮಕ್ಕಳಿಗೇ ಮನೆ ಸಿಗದಾಯಿತು. 2002ರಲ್ಲಿ ಫೋರ್ಡ್ ಇಲ್ಲಿ ಕಾರು ಜೋಡಿಸುವುದನ್ನೂ ನಿಲ್ಲಿಸಿತು. ಈ ಸಿಟ್ಟು ಹೊರಗಿನಿಂದ ಬಂದವರ ಮೇಲೆ ತಿರುಗಿತು. 2006ರ ಕೌನ್ಸಿಲ್ ಚುನಾವಣೆಯಲ್ಲಿ ವಲಸಿಗರನ್ನು ದ್ವೇಷಿಸುವ ಬಿಎನ್‌ಪಿ (ಬ್ರಿಟಿಷ್ ನ್ಯಾಷನಲ್ ಪಾರ್ಟಿ) ಇಲ್ಲಿ 12 ಸೀಟು ಗೆದ್ದಿತು. 2010ರಲ್ಲಿ ಜನರೇ ಆ ಅಷ್ಟೂ ಸೀಟು ಕಿತ್ತುಕೊಂಡರು. ಆದರೆ ಮನೆಗಳ ಕೊರತೆ ಹಾಗೇ ಇದೆ. ಮಾರಾಟದ ರಿಯಾಯಿತಿಯನ್ನು ಸರ್ಕಾರ ಬಹಳಷ್ಟು ಇಳಿಸಿದ್ದು 2024ರ ನವೆಂಬರಿನಲ್ಲಿ. ನಲವತ್ತು ವರ್ಷ ತಡವಾಯಿತು, ಅಲ್ವಾ?

ಇಲ್ಲಿರುವ ಕನ್ನಡಿಗರಿಗೆ ಒಂದು ವಿನಂತಿ. ಭಾರತದ ಪಾಸ್‌ಪೋರ್ಟ್ ಇಟ್ಟುಕೊಂಡೇ ನಾವು ಇಲ್ಲಿ ವೋಟು ಹಾಕಬಹುದು, ಕಾಮನ್‌ವೆಲ್ತ್ ಪ್ರಜೆಗಳಿಗೆ ಆ ಹಕ್ಕಿದೆ. ಸುಮ್ನೆ ಕೂರಬೇಡಿ, ಹೆಸರು ನೋಂದಾಯಿಸಿ. ವೋಟು ಕೇಳಲು ಬಾಗಿಲಿಗೆ ಬಂದವರನ್ನು ಎರಡೇ ಪ್ರಶ್ನೆ ಕೇಳಿ: ಕೌನ್ಸಿಲ್ ಬಾಡಿಗೆಯ ಮನೆ ಎಷ್ಟು ಕಟ್ಟಿಸುತ್ತೀರಿ? ಕಟ್ಟಿಸಿದ್ದನ್ನು ಮತ್ತೆ ಮಾರುತ್ತೀರಾ?

– ಒಬ್ಬ ಓದುಗ, ಡ್ಯಾಗನಮ್, ಲಂಡನ್