ಜಿಮಿನ್ ಗಂಡೋ ಹೆಣ್ಣೋ: ಕೊರಿಯನ್ ಹೆಸರುಗಳ ಬಗ್ಗೆ ಒಂದು ತಿದ್ದುಪಡಿ

ಮಾನ್ಯ ಸಂಪಾದಕರೇ,

ಮಗುವಿಗೆ ಇಡಬಹುದಾದ ಹೊಸ ಹೆಸರುಗಳ ಪಟ್ಟಿಯೊಂದು ಈಚೆಗೆ ನಿಮ್ಮ ಪುರವಣಿಯಲ್ಲಿ ಬಂದಿತ್ತು. ಅದರಲ್ಲಿ ಕೊರಿಯಾದ ‘ಜಿಮಿನ್’ ಎಂಬ ಹೆಸರನ್ನು ಹೆಣ್ಣುಮಕ್ಕಳ ಸಾಲಿಗೆ ಸೇರಿಸಿ, ಎದುರಿಗೆ ‘ಜಾಣೆ’ ಎಂದು ಅರ್ಥ ಬರೆಯಲಾಗಿದೆ. ಜಿಮಿನ್ ಗಂಡುಮಕ್ಕಳಿಗೂ ಹೆಣ್ಣುಮಕ್ಕಳಿಗೂ ಸಮನಾಗಿ ಇಡುವ ಹೆಸರು. ಅದಕ್ಕೆ ಎಲ್ಲರಿಗೂ ಅನ್ವಯಿಸುವ ಒಂದೇ ಅರ್ಥವೂ ಇಲ್ಲ. ಕೊರಿಯನ್ ಧಾರಾವಾಹಿ ನೋಡುವ, ಹಾಡು ಕೇಳುವ ಹುಡುಗ ಹುಡುಗಿಯರು ಚಿಕ್ಕಬಳ್ಳಾಪುರ, ಚಿಂತಾಮಣಿ, ಗೌರಿಬಿದನೂರಿನ ಮನೆಮನೆಯಲ್ಲೂ ಇದ್ದಾರೆ. ಬಾಗೇಪಲ್ಲಿ ದಾಟಿ ಹೆದ್ದಾರಿಯಲ್ಲಿ ಮುಂದೆ ಹೋದರೆ ಪೆನುಕೊಂಡದ ಬಳಿ ಕೊರಿಯಾದ ಕಿಯಾ ಕಂಪನಿಯ ಕಾರು ಕಾರ್ಖಾನೆ 2019ರಿಂದ ನಡೆಯುತ್ತಿದೆ. ಈ ಹೆಸರುಗಳನ್ನು ಓದುವ, ಬರೆಯುವ, ಕೂಗುವ ಕೆಲಸ ನಮ್ಮ ಜನಕ್ಕೆ ಬಂದಿರುವುದರಿಂದ ವಿಷಯವನ್ನು ಸ್ವಲ್ಪ ಬಿಡಿಸಿ ಹೇಳುವುದು ಅಗತ್ಯ.

ಮೊದಲು ಅರ್ಥದ ಮಾತು. ಕೊರಿಯನ್ನರು ಮನೆತನದ ಹೆಸರನ್ನು ಮೊದಲು ಹೇಳುತ್ತಾರೆ. ಅದು ಸಾಮಾನ್ಯವಾಗಿ ಒಂದೇ ಅಕ್ಷರದ್ದು: ಕಿಮ್, ‘ಈ’ (ಇಂಗ್ಲಿಷಿನಲ್ಲಿ ಲೀ), ಪಾಕ್. ಈ ಮೂರೇ ಹೆಸರು 2015ರ ಜನಗಣತಿಯ ಪ್ರಕಾರ ದಕ್ಷಿಣ ಕೊರಿಯಾದ ಸುಮಾರು ಶೇ 45 ಮಂದಿಗಿದೆ. ಮಗುವಿಗೆಂದು ಇಟ್ಟ ಹೆಸರು ಅದರ ಹಿಂದೆ ಬರುತ್ತದೆ. ಬಹುಪಾಲು ಎರಡು ಅಕ್ಷರದ್ದು. ಜಿಮಿನ್‌ನಲ್ಲಿ ‘ಜಿ’ ಒಂದು, ‘ಮಿನ್’ ಇನ್ನೊಂದು. ಇವನ್ನು ಹಂಗುಲ್ ಲಿಪಿಯಲ್ಲಿ ಬರೆಯುತ್ತಾರೆ. 15ನೇ ಶತಮಾನದಲ್ಲಿ ಸೆಜೊಂಗ್ ರಾಜ ರೂಪಿಸಿ 1446ರಲ್ಲಿ ಜನರ ಮುಂದಿಟ್ಟ ಲಿಪಿ ಅದು. ನಮ್ಮ ಕಾಗುಣಿತದಂತೆ ವ್ಯಂಜನಕ್ಕೆ ಸ್ವರ ಕೂಡಿಸಿ ಅಕ್ಷರ ಕಟ್ಟುತ್ತದೆ. ಅದು ಉಚ್ಚಾರವನ್ನು ತಿಳಿಸುತ್ತದೆ, ಅರ್ಥವನ್ನಲ್ಲ. ಅರ್ಥ ಇರುವುದು ಹಾಂಜಾದಲ್ಲಿ, ಅಂದರೆ ಕೊರಿಯನ್ನರು ಚೀನಾದಿಂದ ಪಡೆದು ತಮ್ಮದೇ ಉಚ್ಚಾರದಲ್ಲಿ ಓದುವ ಬರಹದಲ್ಲಿ.

‘ಜಿ’ ಎಂದು ಓದುವ ಹಾಂಜಾಗಳು ಹಲವು. ಒಂದರ ಅರ್ಥ ವಿವೇಕ, ಇನ್ನೊಂದರದು ಸಂಕಲ್ಪ. ತಿಳಿವು, ಕೊಂಬೆ, ಕೊಳ ಎಂಬ ಅರ್ಥದವೂ ಇವೆ. ‘ಮಿನ್’ ಎಂದರೆ ಚುರುಕು, ಜನ, ಶರತ್ಕಾಲದ ಆಕಾಶ, ಸೌಮ್ಯತೆ, ಪಚ್ಚೆಯಂಥ ಕಲ್ಲು. ಯಾವ ಹಾಂಜಾ ಎಂಬುದರ ಮೇಲೆ ಅರ್ಥ. ಬಿಟಿಎಸ್ ತಂಡದ ಗಾಯಕ ಪಾಕ್ ಜಿಮಿನ್ ಅವರದು ವಿವೇಕದ ಜಿ, ಆಕಾಶದ ಮಿನ್. ನಟಿ ಹಾನ್ ಜಿಮಿನ್ ಅವರದು ಸಂಕಲ್ಪದ ಜಿ, ಸೌಮ್ಯತೆಯ ಮಿನ್. ಆ ಎರಡು ಮಿನ್‌ಗಳಲ್ಲೂ ಸೂರ್ಯನ ಗುರುತಿದೆ; ಒಂದರಲ್ಲಿ ನೆತ್ತಿಯ ಮೇಲೆ, ಇನ್ನೊಂದರಲ್ಲಿ ಎಡಬದಿಗೆ. ಹಂಗುಲ್‌ನಲ್ಲಿ ಬರೆದಾಗ ಇಬ್ಬರ ಹೆಸರಿಗೂ ಕೂದಲೆಳೆಯ ವ್ಯತ್ಯಾಸವಿಲ್ಲ. ಒಬ್ಬರು ಗಂಡಸು, ಒಬ್ಬರು ಹೆಂಗಸು, ಅರ್ಥವೂ ಬೇರೆ. ‘ಜಾಣೆ’ ಎಂಬ ಒಂದು ಪದದಲ್ಲಿ ಇಬ್ಬರನ್ನೂ ಹಿಡಿಸಲಾಗದು.

ಹಾಂಜಾ ಯಾವುದೆಂದು ತಿಳಿಯುವ ದಾರಿ ಕಷ್ಟದ್ದಲ್ಲ. ಹೆಸರಾಂತ ವ್ಯಕ್ತಿಯದಾದರೆ ಕೊರಿಯನ್ ಭಾಷೆಯ ವಿಶ್ವಕೋಶದ ಪುಟಗಳಲ್ಲಿ ಹಂಗುಲ್ ಹೆಸರಿನ ಪಕ್ಕದಲ್ಲೇ ಅದನ್ನು ಕೊಟ್ಟಿರುತ್ತಾರೆ. ವ್ಯಾಪಾರದ ಮೇಲೆ ಬಂದವರಾದರೆ ವಿಸಿಟಿಂಗ್ ಕಾರ್ಡಿನಲ್ಲಿ ಹಲವು ಸಲ ಇರುತ್ತದೆ. ಇಲ್ಲದಿದ್ದರೆ ನೇರವಾಗಿ ಕೇಳಬಹುದು, ಯಾರೂ ತಪ್ಪು ತಿಳಿಯುವುದಿಲ್ಲ. ಕೇಳಿದಾಗ ಅವರು ಅರ್ಥವನ್ನು ಮೊದಲು, ಉಚ್ಚಾರವನ್ನು ಆಮೇಲೆ ಹೇಳುತ್ತಾರೆ: ‘ಸುಲ್ಗಿ ಜಿ, ಹಾನುಲ್ ಮಿನ್’. ವಿವೇಕದ ಜಿ, ಆಕಾಶದ ಮಿನ್ ಎಂದು. ಎರಡು ಅರ್ಥಗಳನ್ನು ಸೇರಿಸಿ ಒಂದು ವಾಕ್ಯ ಹೊಸೆಯಬೇಕಾಗಿಲ್ಲ. ಅವು ಅಕ್ಕಪಕ್ಕ ನಿಲ್ಲುತ್ತವೆ, ಅಷ್ಟೆ. ಹೆತ್ತವರ ಹಾರೈಕೆ ಅವೆರಡರಲ್ಲೂ ಇದೆ.

ಈ ಹಾಂಜಾಗಳನ್ನು ಮನಸ್ಸಿಗೆ ಬಂದಂತೆ ಆರಿಸುವ ಹಾಗಿಲ್ಲ. ಹೆಸರಿಗೆ ಬಳಸಬಹುದಾದವುಗಳ ಪಟ್ಟಿಯನ್ನು ಅಲ್ಲಿನ ಸುಪ್ರೀಂ ಕೋರ್ಟ್ ಗೊತ್ತುಮಾಡುತ್ತದೆ. 8,000ಕ್ಕೂ ಹೆಚ್ಚು ಹಾಂಜಾಗಳು ಅದರಲ್ಲಿವೆ. ಮನೆತನದ ಹೆಸರು ಬಿಟ್ಟು ಐದು ಅಕ್ಷರಕ್ಕಿಂತ ಉದ್ದದ ಹೆಸರು ನೋಂದಣಿಯಾಗದು. ಮಗು ಹುಟ್ಟಿದ ಒಂದು ತಿಂಗಳೊಳಗೆ ನೋಂದಣಿ ಮಾಡಿಸಬೇಕು. ಹೀಗಾಗಿ ಹೆಸರು ನಿಶ್ಚಯಿಸುವ ಗಡಿಬಿಡಿ ಅಲ್ಲೂ ಇದೆ. ಅನೇಕರು ಹೆಸರು ಇಟ್ಟುಕೊಡುವ ಜೋಯಿಸರ ಬಳಿ ಹೋಗುತ್ತಾರೆ. ಅಂಥ ಅಂಗಡಿಗೆ ಜಾಕ್‌ಮ್ಯೊಂಗ್‌ಸೊ ಎಂದು ಹೆಸರು. ಹುಟ್ಟಿದ ವರ್ಷ, ತಿಂಗಳು, ದಿನ, ಹೊತ್ತು ನೋಡಿ, ಮರ, ಬೆಂಕಿ, ಮಣ್ಣು, ಲೋಹ, ನೀರು ಎಂಬ ಐದರಲ್ಲಿ ಮಗುವಿಗೆ ಯಾವುದು ಕಮ್ಮಿ ಎಂದು ಲೆಕ್ಕ ಹಾಕಿ, ಅದನ್ನು ತುಂಬುವ ಹಾಂಜಾ ಸೂಚಿಸುತ್ತಾರೆ. ಹಾಂಜಾ ಬರೆಯಲು ಎಳೆಯುವ ಗೆರೆಗಳ ಸಂಖ್ಯೆಯನ್ನೂ ಎಣಿಸುತ್ತಾರೆ. ನಮ್ಮಲ್ಲಿ ನಕ್ಷತ್ರಪಾದ ನೋಡಿದರೆ ಹೆಸರಿನ ಮೊದಲ ಅಕ್ಷರ ಸಿಗುತ್ತದೆ; ಅಲ್ಲಿ ಉಚ್ಚಾರ ಹೆತ್ತವರ ಇಷ್ಟದ್ದೇ ಆಗಿ, ಅದರ ಹಾಂಜಾ ಮಾತ್ರ ಜೋಯಿಸರು ಹೇಳಿದ್ದಾಗಿರಬಹುದು. ಒಂದೇ ಉಚ್ಚಾರಕ್ಕೆ ಇಷ್ಟು ಅರ್ಥಗಳಿರುವುದರ ಅನುಕೂಲ ಇಲ್ಲಿ ಕಾಣುತ್ತದೆ.

ಹಾಂಜಾ ಇಲ್ಲದ ಅಚ್ಚ ಕೊರಿಯನ್ ಹೆಸರುಗಳೂ ಇವೆ. ಹಾನುಲ್ ಎಂದರೆ ಆಕಾಶ, ನೂರಿ ಎಂದರೆ ಲೋಕ. ಇವಕ್ಕೆ ಮಾತ್ರ ಧೈರ್ಯವಾಗಿ ಒಂದು ಅರ್ಥ ಬರೆಯಬಹುದು. ಹಾನುಲ್ ಕೂಡ ಗಂಡು ಹೆಣ್ಣು ಇಬ್ಬರಿಗೂ ಸಲ್ಲುವ ಹೆಸರು.

ಇನ್ನು ಗಂಡು ಹೆಣ್ಣಿನ ವಿಷಯ. ನಮ್ಮ ಜಿಲ್ಲೆಯ ಹಳೆಯ ಹೆಸರುಗಳಲ್ಲಿ ಗೊಂದಲಕ್ಕೆ ಎಡೆಯೇ ಇರಲಿಲ್ಲ. ಮುನಿಯಪ್ಪ, ಮುನಿಯಮ್ಮ, ನಾರಾಯಣಪ್ಪ, ನಾರಾಯಣಮ್ಮ. ದೇವರ ಹೆಸರು ಇಬ್ಬರಿಗೂ ಒಂದೇ, ಕೊನೆಯ ಅಪ್ಪ ಅಮ್ಮಗಳಿಂದ ಯಾರೆಂದು ತಿಳಿಯುತ್ತಿತ್ತು. ಈ ರೂಢಿಯಿಂದಾಗಿ ಬೇರೆ ದೇಶದ ಹೆಸರಿನಲ್ಲೂ ಕೊನೆಯ ಅಕ್ಷರ ನೋಡಿ ತೀರ್ಮಾನಿಸುತ್ತೇವೆ. ಕೊರಿಯನ್ನಿನಲ್ಲಿ ಅದು ಕೈಕೊಡುತ್ತದೆ. 2016ರ ರಿಯೊ ಒಲಿಂಪಿಕ್ಸ್‌ನಲ್ಲಿ ಬಿಲ್ಲುಗಾರಿಕೆಯ ಚಿನ್ನ ಗೆದ್ದವರಲ್ಲಿ ಕಿಮ್ ಊಜಿನ್ ಪುರುಷ, ಚಾಂಗ್ ಹ್ಯೇಜಿನ್ ಮಹಿಳೆ. ಇಬ್ಬರದೂ ‘ಜಿನ್’ನಲ್ಲೇ ಮುಗಿಯುತ್ತದೆ. ‘ಹೀ’ ಎಂದರೆ ಹೆಣ್ಣಿನ ಹೆಸರು ಎಂದು ಹೇಳುವವರಿದ್ದಾರೆ. ಆದರೆ ದೇಶದ ಅಧ್ಯಕ್ಷರಾಗಿದ್ದ ಪಾಕ್ ಚೊಂಗ್‌ಹೀ ಗಂಡಸು. ಅವರ ಹೀ ಬೆಳಕಿನ ಹೀ. ಹೆಣ್ಣುಮಕ್ಕಳ ಹೆಸರಿನಲ್ಲಿ ಹೆಚ್ಚಾಗಿ ಬರುತ್ತಿದ್ದ ಹೀ ಬೇರೆ ಹಾಂಜಾ.

ಹಾಗೆಂದು ಕೊರಿಯಾದಲ್ಲಿ ಹೆಸರುಗಳು ಮೊದಲಿನಿಂದಲೂ ಹೀಗೆ ಇದ್ದವು ಎಂದು ಭಾವಿಸಬಾರದು. ಮನೆತನದ ಗಂಡುಮಕ್ಕಳಿಗೆ ‘ದೊಲ್ಲಿಮ್ಜಾ’ ಎಂಬ ಕಟ್ಟುಪಾಡಿತ್ತು: ಒಂದು ತಲೆಮಾರಿನ ಅಣ್ಣತಮ್ಮಂದಿರು, ದಾಯಾದಿಗಳೆಲ್ಲರ ಹೆಸರಿನಲ್ಲಿ ಒಂದು ಅಕ್ಷರ ಸಮಾನವಾಗಿರಬೇಕು. ಒಂದು ತಲೆಮಾರಿಗೆ ಮರದ ಗುರುತಿರುವ ಹಾಂಜಾ ಆದರೆ ಮುಂದಿನದಕ್ಕೆ ಬೆಂಕಿಯದು, ಆಮೇಲೆ ಮಣ್ಣು, ಲೋಹ, ನೀರು. ಮರ ಬೆಂಕಿಯನ್ನು ಹುಟ್ಟಿಸುತ್ತದೆ, ಬೆಂಕಿ ಬೂದಿಯಾಗಿ ಮಣ್ಣಾಗುತ್ತದೆ ಎಂಬ ಕ್ರಮ. ಎರಡರಲ್ಲಿ ಒಂದು ಅಕ್ಷರ ಹುಟ್ಟುವ ಮೊದಲೇ ನಿಶ್ಚಯ. ಹೆಣ್ಣುಮಕ್ಕಳು ಸಾಮಾನ್ಯವಾಗಿ ಈ ಲೆಕ್ಕದ ಹೊರಗೆ. ವಂಶಾವಳಿಯ ಹೊತ್ತಗೆಯಲ್ಲಿ ಮಗಳ ಜಾಗದಲ್ಲಿ ಅಳಿಯನ ಹೆಸರು ಬರೆಯುವುದೇ ವಾಡಿಕೆಯಾಗಿತ್ತು. ಜಪಾನಿನ ಆಳ್ವಿಕೆಯ ಕಾಲದಲ್ಲಿ ಜಪಾನಿ ಹೆಸರುಗಳ ಕೊನೆಯ ‘ಕೊ’ವನ್ನೇ ಕೊರಿಯನ್ ಉಚ್ಚಾರದಲ್ಲಿ ‘ಜಾ’ ಎಂದು ಓದಿ ಯೊಂಗ್‌ಜಾ, ಸುನ್‌ಜಾ ಎಂಬಂಥ ಹೆಸರುಗಳು ಹೆಣ್ಣುಮಕ್ಕಳಿಗೆ ಬಂದವು. ಇನ್ನು ಹೆಣ್ಣು ಸಾಕು ಎಂದು ಕೊನೆ ಎಂಬರ್ಥದ ‘ಮಲ್ಸುನ್’, ‘ಕುತ್‌ಸುನ್’ ಎಂದು ಹೆಸರಿಟ್ಟ ಮನೆಗಳೂ ಇದ್ದವು. ನಮ್ಮ ಕಡೆ ಸಾಕಮ್ಮ ಎಂಬ ಹೆಸರು ಎಷ್ಟೋ ಮನೆಗಳಲ್ಲಿ ಏಕೆ ಬಂತೆಂದು ಬಲ್ಲವರಿಗೆ ಇದರ ನೋವು ಬೇಗ ತಿಳಿಯುತ್ತದೆ.

ತಲೆಮಾರಿನ ಅಕ್ಷರದ ಕಟ್ಟು ಸಡಿಲವಾದ ಮೇಲೆ ಹೆತ್ತವರಿಗೆ ಎರಡೂ ಅಕ್ಷರಗಳನ್ನು ತಾವೇ ಆರಿಸುವ ಅವಕಾಶ ಸಿಕ್ಕಿತು. ಜಿಮಿನ್, ಜಿವೊನ್, ಜಿಸೂ, ಯೂಜಿನ್ ಮುಂತಾದ ಹಗುರ ಉಚ್ಚಾರದ ಹೆಸರುಗಳು ಗಂಡಿಗೂ ಹೆಣ್ಣಿಗೂ ಬಂದದ್ದು ಈ ದಾರಿಯಲ್ಲಿ. ಮನೆಯ ಯಜಮಾನಿಕೆಯಲ್ಲಿ ಗಂಡಸರಿಗೇ ಮೊದಲ ಸ್ಥಾನ ಕೊಡುತ್ತಿದ್ದ ‘ಹೊಜು’ ಪದ್ಧತಿಯನ್ನು ಅಲ್ಲಿನ ಸಂವಿಧಾನ ನ್ಯಾಯಾಲಯ 2005ರಲ್ಲಿ ತಳ್ಳಿಹಾಕಿತು, 2008ರಿಂದ ಹೊಸ ಕುಟುಂಬ ನೋಂದಣಿ ಜಾರಿಗೆ ಬಂತು. ಮಗಳಿಗೂ ಮಗನಿಗೂ ಒಂದೇ ಬಗೆಯ ಹೆಸರು ಇಡುವುದು ಆ ಬದಲಾವಣೆಯ ಜೊತೆಗೇ ನಡೆದು ಬಂದದ್ದು. ನಮಗೆ ಇದು ತುಂಬ ಗೌರವದ ಸಂಗತಿಯಾಗಿ ಕಾಣುತ್ತದೆ. ಅದನ್ನು ಇಲ್ಲಿ ಮತ್ತೆ ಹೆಣ್ಣುಮಕ್ಕಳ ಸಾಲು, ಗಂಡುಮಕ್ಕಳ ಸಾಲು ಎಂದು ಒಡೆಯುವುದು ಸರಿಯಲ್ಲ.

ಸುದ್ದಿಮನೆಗೆ ನಿಜವಾದ ತೊಡಕು ಹೆಸರಿಗಿಂತ ಕ್ರಿಯಾಪದದಲ್ಲಿದೆ. ‘ಜಿಮಿನಿ ವಾಸ್ಸೊ’ ಎಂದರೆ ಜಿಮಿನ್ ಬಂದನು ಎಂದೂ ಹೌದು, ಬಂದಳು ಎಂದೂ ಹೌದು. ಕೊರಿಯನ್ ಕ್ರಿಯಾಪದಕ್ಕೆ ಲಿಂಗವಿಲ್ಲ, ಕರ್ತೃವನ್ನೂ ಹಲವು ಸಲ ಬಿಟ್ಟೇ ಬರೆಯುತ್ತಾರೆ. ಅದನ್ನು ಯಂತ್ರಾನುವಾದಕ್ಕೆ ಹಾಕಿದಾಗ ಇಂಗ್ಲಿಷ್ ವಾಕ್ಯ ಪೂರ್ತಿಯಾಗಲು ಗಂಡೋ ಹೆಣ್ಣೋ ಬೇಕಾಗುತ್ತದೆ, ಯಂತ್ರ ಊಹಿಸಿ ಒಂದನ್ನು ಸೇರಿಸುತ್ತದೆ. ಆ ಇಂಗ್ಲಿಷಿನಿಂದ ಕನ್ನಡಕ್ಕೆ ತರುವವರು ಅದೇ ಸತ್ಯವೆಂದು ‘ಹೇಳಿದನು’, ‘ಹೇಳಿದಳು’ ಎಂದು ಮುದ್ರಿಸುತ್ತಾರೆ. ಖಚಿತವಾಗುವ ತನಕ ‘ಅವರು ಹೇಳಿದರು’ ಎಂದು ಬರೆದರೆ ಗೌರವವೂ ಉಳಿಯುತ್ತದೆ, ತಪ್ಪೂ ಆಗದು. ಮಗುವಾದರೆ ‘ಜಿಮಿನ್ ಎಂಬ ಮಗು ಬಂತು’ ಎನ್ನಲು ಕನ್ನಡದಲ್ಲಿ ಜಾಗವಿದೆ. ಕೊರಿಯನ್ ಪತ್ರಿಕೆಗಳು ಅಪರಾಧ, ಅಪಘಾತದ ಸುದ್ದಿಯಲ್ಲಿ ಹೆಸರಿನ ಮುಂದೆ ಕಂಸದಲ್ಲಿ ವಯಸ್ಸು ಹಾಕಿ, ಹೆಣ್ಣಾದರೆ ‘ಯೊ’ ಎಂದು ಸೇರಿಸುವುದುಂಟು, ಅದನ್ನು ನೋಡಿಕೊಳ್ಳಬಹುದು. ಅಲ್ಲಿನ ಸರ್ಕಾರಿ ಕಚೇರಿಗಳಂತೂ ಹೆಸರು ನೋಡಿ ನಿರ್ಧರಿಸುವುದೇ ಇಲ್ಲ. 13 ಅಂಕಿಯ ನಿವಾಸಿ ಸಂಖ್ಯೆಯ ಏಳನೇ ಅಂಕಿ ಅದನ್ನು ಹೇಳುತ್ತದೆ: 2000ಕ್ಕೆ ಮೊದಲು ಹುಟ್ಟಿದವರಲ್ಲಿ ಗಂಡಿಗೆ 1, ಹೆಣ್ಣಿಗೆ 2, ಆಮೇಲೆ ಹುಟ್ಟಿದವರಿಗೆ 3 ಮತ್ತು 4.

ಧಾರಾವಾಹಿಗಳಿಗೆ ಕನ್ನಡ ಅಡಿಬರಹ ಬರೆಯುವವರಿಗೆ ಇನ್ನೊಂದು ಸುಳಿವು. ಹೆಸರಿನಲ್ಲಿ ತಿಳಿಯದ್ದು ಸಂಬಂಧಸೂಚಕದಲ್ಲಿ ತಿಳಿಯುತ್ತದೆ. ಅಣ್ಣನನ್ನು ತಂಗಿ ‘ಒಪ್ಪಾ’ ಎಂದರೆ ತಮ್ಮ ‘ಹ್ಯೊಂಗ್’ ಎನ್ನುತ್ತಾನೆ. ಅಕ್ಕನನ್ನು ತಂಗಿ ‘ಒನ್ನಿ’, ತಮ್ಮ ‘ನೂನಾ’. ‘ಜಿಮಿನ್ ಒಪ್ಪಾ’ ಎಂದು ಕಿವಿಗೆ ಬಿದ್ದರೆ ಜಿಮಿನ್ ಗಂಡು, ಕರೆದವಳು ವಯಸ್ಸಿನಲ್ಲಿ ಅವನಿಗಿಂತ ಚಿಕ್ಕವಳು ಎಂದು ಎರಡೂ ಗೊತ್ತಾದಂತೆ. ಅಡಿಬರಹದಲ್ಲಿ ಇದನ್ನು ಬಿಟ್ಟು ಬರೀ ಹೆಸರು ಹಾಕುತ್ತಾರೆ. ಅಣ್ಣ, ಅಕ್ಕ ಎಂಬ ಪದಗಳು ನಮ್ಮಲ್ಲೇ ಇರುವಾಗ ಹಾಗೆ ಮಾಡಬೇಕಿಲ್ಲ.

ಕಾರ್ಖಾನೆ, ಹೋಟೆಲು, ಟ್ಯಾಕ್ಸಿಯವರಿಗೆ ಕೆಲವು ಮಾತು. ‘ಕಿಮ್ ಜಿವೊನ್’ ಎಂಬವರಿಗೆ ಇಮೇಲ್ ಬರೆಯುವಾಗ ಸರ್ ಅಥವಾ ಮೇಡಂ ಎಂದು ಊಹಿಸಬೇಡಿ. ಹುದ್ದೆಗೆ ‘ನಿಮ್’ ಎಂಬ ಗೌರವಸೂಚಕ ಸೇರಿಸಿ ಕರೆಯುವುದು ಅಲ್ಲಿನ ಕ್ರಮ: ಕಿಮ್ ಗ್ವಾಜಾಂಗ್‌ನಿಮ್ (ಶಾಖೆಯ ಮುಖ್ಯಸ್ಥರು), ಪಾಕ್ ಬುಜಾಂಗ್‌ನಿಮ್ (ವಿಭಾಗದ ಮುಖ್ಯಸ್ಥರು). ಇದು ಗಂಡು ಹೆಣ್ಣು ಇಬ್ಬರಿಗೂ ಸಲ್ಲುತ್ತದೆ. ಬರೀ ಮನೆತನದ ಹೆಸರಿಗೆ ‘ಸ್ಸೀ’ ಎಂಬ ಸಂಬೋಧನೆ ಸೇರಿಸಿ ‘ಕಿಮ್ ಸ್ಸೀ’ ಎಂದರೆ ಒರಟಾಗಿ ಕೇಳಿಸುತ್ತದೆ. ವಿದೇಶಿ ಅತಿಥಿ ಬಂದ 24 ಗಂಟೆಯೊಳಗೆ ಹೋಟೆಲಿನವರು ಸಲ್ಲಿಸಬೇಕಾದ ವಿವರದ ಫಾರಂನಲ್ಲಿ ಪಾಸ್‌ಪೋರ್ಟಿನಲ್ಲಿರುವಂತೆಯೇ ಹೆಸರು ತುಂಬಿ; ಜಿ ಒಂದು ಕಡೆ, ಮಿನ್ ಒಂದು ಕಡೆ ಒಡೆದು, ನಮ್ಮ ಇನಿಷಿಯಲ್‌ನಂತೆ ಒಂದನ್ನು ಚುಟುಕು ಮಾಡಿದರೆ ಅದು ಬೇರೆಯವರ ಹೆಸರಾಗುತ್ತದೆ. ಮದುವೆಯಾದ ಹೆಂಗಸು ಗಂಡನ ಮನೆತನದ ಹೆಸರು ತೆಗೆದುಕೊಳ್ಳುವುದಿಲ್ಲ, ಹಾಗಾಗಿ ದಂಪತಿಗೆ ಬೇರೆ ಬೇರೆ ಮನೆತನದ ಹೆಸರಿದ್ದರೆ ಅನುಮಾನಿಸಬೇಡಿ. ಸ್ವಾಗತ ಫಲಕದಲ್ಲಿ ಕೆಂಪು ಶಾಯಿಯಿಂದ ಹೆಸರು ಬರೆಯಬೇಡಿ. ಬದುಕಿರುವವರ ಹೆಸರನ್ನು ಕೆಂಪಿನಲ್ಲಿ ಬರೆಯುವುದು ಅವರಲ್ಲಿ ಅಪಶಕುನ.

ಕನ್ನಡದಲ್ಲಿ ಬರೆಯುವಾಗ ಇಂಗ್ಲಿಷ್ ಕಾಗುಣಿತವನ್ನು ಅಕ್ಷರಕ್ಕಕ್ಷರ ಓದುವುದರಿಂದ ‘ಸಿಯೋಜುನ್’ ಎಂಬಂಥ ರೂಪಗಳು ಹುಟ್ಟುತ್ತವೆ. ಅಲ್ಲಿರುವುದು ಒಂದೇ ಸ್ವರ, ನಮ್ಮ ಹ್ರಸ್ವ ಒಕಾರಕ್ಕೆ ಹತ್ತಿರ. ‘ಸೊಜುನ್’ ಎಂದರೆ ಸಾಕು. ಜಿಮಿನ್ ಮಾತ್ರ ನಮ್ಮ ಲಿಪಿಯಲ್ಲಿ ಚೆನ್ನಾಗಿ ಕೂರುತ್ತದೆ, ಹೆಸರಿನ ಆರಂಭದಲ್ಲಿ ಬಂದಾಗ ‘ಜಿ’ ಸ್ವಲ್ಪ ‘ಚಿ’ ಕಡೆಗೆ ವಾಲುತ್ತದೆ, ಅಷ್ಟೆ.

ಮಗುವಿಗೆ ಈ ಹೆಸರು ಇಡಬೇಕೆಂದಿರುವವರು ಧಾರಾಳವಾಗಿ ಇಡಲಿ, ಮಗನಿಗಾದರೂ ಮಗಳಿಗಾದರೂ. ಹಾಂಜಾ ಯಾವುದೆಂದು ಹೆತ್ತವರೇ ಆರಿಸಿಕೊಂಡು, ಅರ್ಥವನ್ನು ಒಂದು ಕಡೆ ಬರೆದಿಟ್ಟರೆ ಮಗು ಬೆಳೆದು ಕೇಳಿದಾಗ ಉತ್ತರ ಇರುತ್ತದೆ. ನಮ್ಮಲ್ಲಿ ಜನನವನ್ನು 21 ದಿನದೊಳಗೆ ನೋಂದಾಯಿಸಬೇಕು. ಹೆಸರನ್ನು 12 ತಿಂಗಳೊಳಗೆ ಶುಲ್ಕವಿಲ್ಲದೆ ಸೇರಿಸಬಹುದು, ಅವಸರವಿಲ್ಲ. ಕನ್ನಡದಲ್ಲೂ ಇಂಗ್ಲಿಷಿನಲ್ಲೂ ಒಂದೇ ಕಾಗುಣಿತವನ್ನು ನಿಶ್ಚಯಿಸಿ ಜನನ ಪ್ರಮಾಣಪತ್ರ, ಆಧಾರ್, ಶಾಲೆಯ ದಾಖಲೆ ಮೂರರಲ್ಲೂ ಅದನ್ನೇ ಬರೆಸಬೇಕು. 2023ರ ಅಕ್ಟೋಬರ್ 1ರಿಂದ ಹುಟ್ಟಿದ ಮಕ್ಕಳಿಗೆ ಜನನ ಪ್ರಮಾಣಪತ್ರವೇ ಮೂಲ ದಾಖಲೆಯಾದ್ದರಿಂದ ಅಲ್ಲಿ ಬಿದ್ದ ತಪ್ಪು ಎಲ್ಲ ಕಡೆ ಹಿಂಬಾಲಿಸುತ್ತದೆ.

ಪುರವಣಿಯ ಮುಂದಿನ ಸಂಚಿಕೆಯಲ್ಲಿ ಜಿಮಿನ್ ಹೆಸರನ್ನು ಎರಡೂ ಸಾಲುಗಳಲ್ಲಿ ಹಾಕಿ, ‘ಅರ್ಥ ಹಾಂಜಾಕ್ಕೆ ತಕ್ಕಂತೆ’ ಎಂದು ತಿದ್ದುಪಡಿ ಪ್ರಕಟಿಸಬೇಕೆಂದು ಕೋರುತ್ತೇವೆ.

ಇಂತಿ,
ಕೊರಿಯನ್ ಭಾಷೆ ಕಲಿಸುವ ಕೆಲವರು,
ಚಿಕ್ಕಬಳ್ಳಾಪುರ