ಖುಕ್ರಿಯ ಕ್ಯಾಪ್ಟನ್: ಮಗಳಿಗೊಂದು ಪತ್ರ

ಮಲ್ಪೆ

ಪುಟ್ಟಾ,

ನಿನ್ನ ಭಾಷಣದ ಹಾಳೆಗಳನ್ನು ಅಂಗಡಿಯಲ್ಲೇ ಕೂತು ಓದಿದೆ. 1971ರ ಪಾಕಿಸ್ತಾನ ಯುದ್ಧದಲ್ಲಿ ಖುಕ್ರಿ ಹಡಗಿನ ಜೊತೆ ಮುಳುಗಿದ ಕ್ಯಾಪ್ಟನ್ ಮುಲ್ಲಾ ಬಗ್ಗೆ ಡಿಸೆಂಬರ್ 9ಕ್ಕೆ ಎನ್‌ಸಿಸಿಯಲ್ಲಿ ಮಾತಾಡಲು ನಿನ್ನನ್ನೇ ಆರಿಸಿದ್ದು ಕೇಳಿ ಖುಷಿಯಾಯಿತು. ಅಮ್ಮ ಆಗಲೇ ಪಕ್ಕದ ಮನೆಗೆಲ್ಲ ಹೇಳಿ ಬಂದಾಯಿತು. ‘ಚೆನ್ನಾಗಿದೆ’ ಎಂದು ಒಂದು ಮೆಸೇಜು ಹಾಕಿ ಸುಮ್ಮನಿರಬಹುದಿತ್ತು. ಆದರೆ ಮಾರಾಯ್ತಿ, ಶುರುವಿನಿಂದ ಕೊನೆಯವರೆಗೂ ಹಡಗು ಮುಳುಗುತ್ತಲೇ ಇದೆಯಲ್ಲ! ಮುಲ್ಲಾ ಅವರು ನೌಕಾಪಡೆಯಲ್ಲಿದ್ದದ್ದು ಸುಮಾರು 25 ವರ್ಷ. ನಿನ್ನ ಭಾಷಣದಲ್ಲಿ ಅವರು ಬದುಕಿರುವುದು ಕೆಲವೇ ನಿಮಿಷ.

ಮೊದಲಿನಿಂದ ನೋಡು. ಮಹೇಂದ್ರನಾಥ ಮುಲ್ಲಾ ಹುಟ್ಟಿದ್ದು 1926ರಲ್ಲಿ, ಗೋರಖಪುರದಲ್ಲಿ. ಕಡಲಿಗೂ ಆ ಊರಿಗೂ ಎಲ್ಲಿಂದೆಲ್ಲಿಯ ಸಂಬಂಧ! ಮನೆತನ ಕಾಶ್ಮೀರಿ ಪಂಡಿತರದ್ದು, ಕಾನೂನು ಓದಿದವರದ್ದು. ಕರಿ ಕೋಟು ಹಾಕಿಕೊಳ್ಳಬಹುದಾಗಿದ್ದ ಹುಡುಗ 1946ರ ಜನವರಿಯಲ್ಲಿ ಬ್ರಿಟಿಷರ ರಾಯಲ್ ಇಂಡಿಯನ್ ನೇವಿಗೆ ಕೆಡೆಟ್ ಆಗಿ ಸೇರಿದ. ಮುಂದಿನ ತಿಂಗಳೇ ಮುಂಬೈಯಲ್ಲಿ ಅದೇ ನೇವಿಯ ನಾವಿಕರು ದಂಗೆ ಎದ್ದರು. ಅವರ ಮುಖ್ಯ ದೂರುಗಳಲ್ಲಿ ಕೆಟ್ಟ ಊಟವೂ ಒಂದು, ಬಿಳಿಯ ಅಧಿಕಾರಿಗಳು ಆಡುತ್ತಿದ್ದ ಮಾತೂ ಒಂದು. ಇಪ್ಪತ್ತೂ ತುಂಬದ ಕೆಡೆಟ್‌ಗೆ ಅದು ಏನನ್ನಿಸಿತೋ ಎಂದು ನಾನು ಆಗಾಗ ಯೋಚಿಸುತ್ತೇನೆ. ಅಧಿಕಾರಿ ಮತ್ತು ನಾವಿಕ ಒಬ್ಬರನ್ನೊಬ್ಬರು ನಂಬದಿದ್ದರೆ ಹಡಗಿನ ಗತಿ ಏನು ಎಂಬ ಪಾಠ ಹೊಸಿಲು ದಾಟುವ ಹೊತ್ತಿಗೇ ಎದುರು ನಿಂತಿತ್ತು. ನನ್ನ ಕೇಳಿದರೆ ನಿನ್ನ ಭಾಷಣ ಶುರುವಾಗಬೇಕಾದದ್ದು ಇಲ್ಲಿಂದ.

ಇಂಗ್ಲೆಂಡಿನಲ್ಲಿ ತರಬೇತಿ ಮುಗಿಸಿ 1948ರ ಮೇ 1ರಂದು ಅಧಿಕಾರಿಯಾಗಿ ಕಮಿಷನ್ ಪಡೆದರು. ಆಮೇಲೆ ಕೃಷ್ಣಾ ಹಡಗಿನಲ್ಲಿ ಕೆಲಸ, ರಾಣಾ ಎಂಬ ವಿಧ್ವಂಸಕ ಹಡಗಿನ ಕಮಾಂಡ್, ಲಂಡನ್ನಿನ ನಮ್ಮ ಹೈಕಮಿಷನ್ನಿನಲ್ಲಿ ಉಪ ನೌಕಾ ಸಲಹೆಗಾರ, ಮುಂಬೈಯ ಆಂಗ್ರೆ ನೆಲೆಯ ಹೊಣೆ. ಇದನ್ನೆಲ್ಲ ಒಂದೇ ಉಸಿರಿಗೆ ಹೇಳಿ ಮುಗಿಸು, ಕೇಳುವವರಿಗೆ ಬೇಜಾರು ಬಂದೀತು. ಆದರೆ ಹೇಳದೆ ಬಿಡಬೇಡ. 1971ರಲ್ಲಿ ಅವರು ಖುಕ್ರಿಯ ಕ್ಯಾಪ್ಟನ್ ಮಾತ್ರ ಆಗಿರಲಿಲ್ಲ, 14ನೇ ಫ್ರಿಗೇಟ್ ಸ್ಕ್ವಾಡ್ರನ್ ಎಂಬ ಯುದ್ಧ ಹಡಗುಗಳ ತಂಡಕ್ಕೇ ಹಿರಿಯರು. ಖುಕ್ರಿ, ಕಿರ್ಪಾಣ್, ಕುಠಾರ್ ಎಂಬ ಮೂರು ಹಡಗುಗಳು ಅವರ ಕೈಕೆಳಗೆ.

ಇನ್ನು ಸೋನಾರ್, ಅಂದರೆ ನೀರೊಳಗೆ ಸದ್ದಿನಿಂದ ಹುಡುಕುವ ಸಾಧನ. ನೀನು ‘ಹಳೆಯ ಸೋನಾರ್ ಇತ್ತು’ ಎಂದು ಒಂದು ಸಾಲು ಬರೆದು ದಾಟಿಬಿಟ್ಟಿದ್ದೀಯ. ಫಿಶ್ ಫೈಂಡರ್ ರಿಪೇರಿ ಮಾಡುವವನ ಮಗಳಾಗಿ!

ನಮ್ಮ ಅಂಗಡಿಗೆ ಬರುವ ತಾಂಡೇಲರ, ಅಂದರೆ ಬೋಟು ನಡೆಸುವವರ ದೂರು ನಿನಗೆ ಬಾಯಿಪಾಠ: ‘ಬೋಟು ಓಡುವಾಗ ಸ್ಕ್ರೀನಿನಲ್ಲಿ ಮೀನು ಕಾಣುವುದೇ ಇಲ್ಲ, ಬರೀ ಗೀಟು.’ ಬಿಚ್ಚಿ ನೋಡಿದರೆ ಮೆಷಿನ್ ಸರಿಯಾಗಿಯೇ ಇರುತ್ತದೆ. ಜೋರಾಗಿ ಓಡುವಾಗ ಬೋಟಿನ ಅಡಿಯಲ್ಲಿ ಸದ್ದು ಬಿಟ್ಟು ಕೇಳಿಸಿಕೊಳ್ಳುವ ಟ್ರಾನ್ಸ್‌ಡ್ಯೂಸರಿನ ಮುಖಕ್ಕೆ ನೊರೆ, ಗಾಳಿಗುಳ್ಳೆ ಬಂದು ಹೊಡೆಯುತ್ತದೆ, ಎಂಜಿನ್ ಸದ್ದು ಬೇರೆ. ಸ್ಲೋ ಮಾಡಿದರೆ ಚಿತ್ರ ತಿಳಿಯಾಗುತ್ತದೆ. ಯುದ್ಧ ಹಡಗಿನ ಸೋನಾರ್ ಕೆಳಕ್ಕಷ್ಟೇ ಅಲ್ಲ, ಸುತ್ತಲೂ ಸದ್ದು ಬಿಟ್ಟು ಪ್ರತಿಧ್ವನಿಗೆ ಕಿವಿಗೊಡುತ್ತದೆ. ತತ್ವ ಎರಡಕ್ಕೂ ಒಂದೇ. ಅದರ ಮೇಲೆ ನಮ್ಮ ಅರಬಿ ಸಮುದ್ರದ ಮೇಲ್ಪದರ ಬಿಸಿ, ಕೆಳಗೆ ತಂಪು. ಆ ಎರಡು ಪದರ ಸೇರುವಲ್ಲಿ ಸದ್ದು ಬಾಗಿ ದಾರಿ ತಪ್ಪುತ್ತದೆ, ಸಬ್‌ಮರೀನು ಅದರಡಿ ಅಡಗಿ ಕೂರುತ್ತದೆ. ಫ್ರಾನ್ಸಿನಲ್ಲಿ ಕಟ್ಟಿದ ಪಾಕಿಸ್ತಾನದ ಸಬ್‌ಮರೀನು ಹಂಗೋರ್ ಹೊಸದು, ಅದರ ಕಿವಿ ದೂರದ್ದು. ಖುಕ್ರಿ 1950ರ ದಶಕದ ಇಂಗ್ಲೆಂಡಿನ ಹಡಗು.

ಗುಜರಾತಿನ ಕಾಠಿಯಾವಾಡದ ಕರಾವಳಿಯ ಆಚೆ ಸಬ್‌ಮರೀನು ಇದೆ ಎಂದು ಅದರ ರೇಡಿಯೊ ಸಂದೇಶಗಳಿಂದ ನಮ್ಮವರಿಗೆ ಗೊತ್ತಾಗಿತ್ತು. ಅದನ್ನು ಹುಡುಕಿ ಹೊಡೆಯಲು ಮುಲ್ಲಾ ಅವರ ಸ್ಕ್ವಾಡ್ರನ್ ಹೊರಟಿತು. ಕುಠಾರ್‌ನ ಯಂತ್ರ ಕೆಟ್ಟಿದ್ದರಿಂದ ಉಳಿದದ್ದು ಎರಡೇ ಹಡಗು. ಖುಕ್ರಿಯ ಸೋನಾರಿಗೆ ಇನ್ನಷ್ಟು ದೂರದಿಂದ ಕೇಳಿಸಲಿ ಎಂದು ಒಬ್ಬ ಯುವ ಅಧಿಕಾರಿ ತಯಾರಿಸಿದ ಉಪಕರಣವೊಂದನ್ನು ಜೋಡಿಸಿದ್ದರು. ಅದರ ಪ್ರಯೋಗಕ್ಕಾಗಿ ಹಡಗು ನಿಧಾನಕ್ಕೆ ಸಾಗುತ್ತಿತ್ತು ಎಂದು ನೌಕಾಪಡೆಯ ಇತಿಹಾಸ ಬರೆದವರು ಚರ್ಚಿಸಿದ್ದಾರೆ. ಯೋಚಿಸು: ನಿಧಾನಕ್ಕೆ ಹೋದರೆ ಕಿವಿ ಚುರುಕು, ಮೈ ಬಯಲು. ಜೋರಾಗಿ ಹೋದರೆ ಶತ್ರುವಿಗೆ ಗುರಿಯಿಡುವುದು ಕಷ್ಟ, ಆದರೆ ನೀನೇ ಕಿವುಡಿ. ಹಡಗು ನಡೆಸುವ ಬ್ರಿಡ್ಜಿನಲ್ಲಿ ಕೂತವರು ಎರಡರಲ್ಲಿ ಒಂದನ್ನು ಆರಿಸಲೇಬೇಕು. ‘ಅದು ತಪ್ಪು ನಿರ್ಧಾರ’ ಎಂದು ಐವತ್ತು ವರ್ಷದ ಮೇಲೆ ದಡದಲ್ಲಿ ಕೂತು ಹೇಳುವವರಿದ್ದಾರೆ. ನನಗೆ ಹಾಗೆ ಹೇಳುವ ಧೈರ್ಯವಿಲ್ಲ. ಕೆಲಸಕ್ಕೆ ಹೊರಟವರು ಇದ್ದ ಸಾಮಾನಿನಲ್ಲೇ ಕೆಲಸ ಮಾಡಲು ನೋಡಿದರು ಎಂದಷ್ಟೇ ಹೇಳಬಲ್ಲೆ.

ಡಿಸೆಂಬರ್ 9ರ ರಾತ್ರಿ, ದಿಯು ದ್ವೀಪದಿಂದ ಸುಮಾರು 40 ನಾಟಿಕಲ್ ಮೈಲು ದೂರದಲ್ಲಿ ಹಂಗೋರ್ ಕಿರ್ಪಾಣ್ ಮೇಲೆ ಬಿಟ್ಟ ಮೊದಲ ಟಾರ್ಪಿಡೊ (ನೀರೊಳಗೆ ಸಾಗಿ ಸಿಡಿಯುವ ಅಸ್ತ್ರ) ಸಿಡಿಯಲಿಲ್ಲ. ಎರಡನೆಯದು ಖುಕ್ರಿಗೆ ಬಿತ್ತು. ಹಡಗು ಕೆಲವೇ ನಿಮಿಷ ಮೇಲಿತ್ತು. ಮುಲ್ಲಾ ಹಡಗು ಬಿಡಲು ಆದೇಶ ಕೊಟ್ಟರು, ತಮ್ಮ ಜೀವರಕ್ಷಕ ಸಾಧನವನ್ನು ಒಬ್ಬ ನಾವಿಕನಿಗೆ ಕೊಟ್ಟರು, ಆದಷ್ಟು ಜನರನ್ನು ನೀರಿಗೆ ಇಳಿಸಿ ಬ್ರಿಡ್ಜಿಗೆ ಮರಳಿದರು. 18 ಅಧಿಕಾರಿಗಳು, 176 ನಾವಿಕರು ಹಡಗಿನ ಜೊತೆ ಹೋದರು. ಉಳಿದವರು 67 ಮಂದಿ, ಅವರನ್ನು ಮರುದಿನ ಕಛಲ್ ಹಡಗು ಎತ್ತಿಕೊಂಡಿತು. ಮುಲ್ಲಾ ಅವರಿಗೆ ಮರಣೋತ್ತರ ಮಹಾವೀರ ಚಕ್ರ ಬಂತು. ಇಷ್ಟೇ ಹೇಳು, ಸಾಕು. ಆ ಹೊತ್ತಿನಲ್ಲಿ ಅವರು ಆಡಿದರೆಂದು ನೀನು ಬರೆದ ಡೈಲಾಗುಗಳನ್ನು ತೆಗೆದುಹಾಕು. ಹಾಗೆಯೇ ಹಂಗೋರ್‌ನವರನ್ನು ‘ಹೇಡಿಗಳು’ ಎಂದದ್ದನ್ನೂ. ಎರಡನೇ ಮಹಾಯುದ್ಧದ ನಂತರ ಸಬ್‌ಮರೀನೊಂದು ಯುದ್ಧನೌಕೆಯನ್ನು ಮುಳುಗಿಸಿದ್ದು ಅದೇ ಮೊದಲು. ಎದುರಾಳಿಗೆ ಕೆಲಸ ಗೊತ್ತಿತ್ತು ಎಂದರೆ ನಮ್ಮವರು ಸಣ್ಣವರಾಗುವುದಿಲ್ಲ.

ಕಡಲಲ್ಲಿ ಮಾಯವಾದ ಬೊಬ್ಬರ್ಯನನ್ನು ದೈವವೆಂದು ನಂಬಿ ಕೋಲ ಕೊಡುವ ಊರಿನವರು ನಾವು. ಸತ್ತವರನ್ನು ಎತ್ತರಕ್ಕೆ ಏರಿಸುವುದು ನಮಗೆ ರಕ್ತದಲ್ಲೇ ಇದೆ. ಬೊಬ್ಬರ್ಯನಿಗೆ ಅದು ಸರಿ. ಮುಲ್ಲಾ ಅವರನ್ನು ಮಾತ್ರ ಅಲ್ಲಿ ಕೂರಿಸಬೇಡ. ದೈವದ ನಿರ್ಧಾರವನ್ನು ಯಾರೂ ಪ್ರಶ್ನೆ ಮಾಡುವುದಿಲ್ಲ, ಕ್ಯಾಪ್ಟನ್ನಿನ ನಿರ್ಧಾರವನ್ನು ನಿನ್ನಂಥವರು ಕೂತು ಓದಬೇಕು, ವಾದ ಮಾಡಬೇಕು. ಅವರಿಗೆ ಇಬ್ಬರು ಹೆಣ್ಣುಮಕ್ಕಳಿದ್ದರು ಎಂಬುದನ್ನೂ ಸೇರಿಸು. ಯಾಕೆ ಎಂದು ಕೇಳಬೇಡ, ಅಪ್ಪ ಬರೆಯುವ ಪತ್ರದಲ್ಲಿ ಅಷ್ಟು ಸಲಿಗೆ ಇರಲಿ.

ಉಡುಪಿಯವರಿಗೆ ಸೋನಾರ್ ಎಂದರೇನು ಎಂದು ವಿವರಿಸಲು ಕಷ್ಟವಾದರೆ ಸುವರ್ಣ ತ್ರಿಭುಜವನ್ನು ನೆನಪಿಸು. 2018ರ ಡಿಸೆಂಬರಿನಲ್ಲಿ ಏಳು ಮಂದಿಯೊಂದಿಗೆ ಮಲ್ಪೆಯಿಂದ ಹೊರಟ ಬೋಟು ಅದು. ತಿಂಗಳುಗಟ್ಟಲೆ ಸುದ್ದಿಯಿಲ್ಲ. ಕೊನೆಗೆ ಮರುವರ್ಷ ಮಹಾರಾಷ್ಟ್ರದ ಮಾಲವಣದ ಆಚೆ ಕಡಲತಳದಲ್ಲಿ ಅದರ ಅವಶೇಷ ಪತ್ತೆಮಾಡಿದ್ದು ನೌಕಾಪಡೆಯ ಹಡಗು, ಸೋನಾರ್ ಹಾಕಿ. ಆಗ ಬಂದರಿನಲ್ಲಿ ಜನ ಕಾದದ್ದನ್ನು ನೀನೂ ನೋಡಿದ್ದೀಯ. 194 ಮನೆಗಳಲ್ಲಿ ಹಾಗೆ ಕಾದಿದ್ದರು ಎಂದರೆ ಸಭೆಗೆ ಅರ್ಥವಾಗುತ್ತದೆ. ದಿಯುವಿನಲ್ಲಿ ಖುಕ್ರಿಯ ಸ್ಮಾರಕವಿದೆ, 1989ರಲ್ಲಿ ಅದೇ ಹೆಸರಿನ ಇನ್ನೊಂದು ಹಡಗು ಬಂದು 2021ರಲ್ಲಿ ನಿವೃತ್ತವೂ ಆಯಿತು. ಸಮಯ ಉಳಿದರೆ ಅದನ್ನು ಹೇಳು.

ಇನ್ನು ಪದವಿ ಮುಗಿದ ಮೇಲೆ ನೇವಿಗೆ ಅರ್ಜಿ ಹಾಕುವ ವಿಷಯ. ಅಮ್ಮನ ಹತ್ತಿರ ಮಾತಾಡಿದೆ. ಪೂರ್ತಿ ಒಪ್ಪಿಲ್ಲ, ಬೇಡ ಎಂದೂ ಅನ್ನಲಿಲ್ಲ. ನೀನು ಮನೆಗೆ ಬಂದಾಗ ನಾನೇ ಮತ್ತೆ ತೆಗೆಯುತ್ತೇನೆ, ನೀನು ನಡುವೆ ಬಾಯಿ ಹಾಕಬೇಡ. ನನಗೆ ಹೆದರಿಕೆ ಇಲ್ಲ ಎಂದುಕೊಳ್ಳಬೇಡ, ಇದೆ. ಆದರೂ ನಿನ್ನ ಮಾರ್ಕ್ಸ್ ಕಾರ್ಡುಗಳ ಜೆರಾಕ್ಸ್ ಮಾಡಿಸಿ ಕಪಾಟಿನಲ್ಲಿ ಇಟ್ಟಿದ್ದೇನೆ. ಮಲ್ಪೆಯಲ್ಲಿ ಹುಟ್ಟಿ ಈಜು ಬಾರದ ಹುಡುಗಿ ನೇವಿಗೆ ಹೋಗುತ್ತಾಳಂತೆ ಎಂದು ನಿನ್ನ ಮಾವ ನಗುತ್ತಿದ್ದಾನೆ. ರಜೆ ಶುರುವಾದ ಕೂಡಲೇ ಅಜ್ಜರಕಾಡಿನ ಈಜುಕೊಳದಲ್ಲಿ ಹೆಸರು ಬರೆಸುತ್ತೇನೆ. ಬೆಳಗ್ಗೆ ಬೇಗ ಏಳಬೇಕು, ಈಗಲೇ ಹೇಳಿದ್ದೇನೆ.

ನಿನ್ನ
ಅಪ್ಪ